ಗಡಿಯಾರದಯ್ಯನ ವಯಸ್ಸು ನಿಂತ ಬಗೆ

ಇಲ್ಲದ ಮನುಷ್ಯನೊಬ್ಬನ ಜೀವನಚರಿತ್ರೆಯನ್ನು ಕಾದಂಬರಿಯಾಗಿ ಬರೆಯಲು ನನಗೆ ಹೆಚ್ಚುಕಡಿಮೆ ಆರು ವರ್ಷ ಹಿಡಿಯಿತು. ಅದರಲ್ಲಿ ಬರೆದದ್ದು ಎರಡು ವರ್ಷ. ಉಳಿದ ನಾಲ್ಕು ವರ್ಷ ಅವನ ವಯಸ್ಸನ್ನು ತಿದ್ದುವುದರಲ್ಲಿ ಕಳೆಯಿತು. ನನ್ನ ವಿಧಾನವನ್ನು ಕೇಳಿದ ಗೆಳೆಯರು, "ನೀವು ಕತೆ ಬರೆಯುತ್ತಿದ್ದೀರೋ, ಜಮೀನು ಅಳೆಯುತ್ತಿದ್ದೀರೋ?" ಎಂದು ನಕ್ಕಿದ್ದರು. ಎರಡನೆಯ ಮುದ್ರಣ ಹೊರಬಂದು ವರ್ಷವಾಗುತ್ತ ಬಂದರೂ ಕಾಲದ ತಪ್ಪು ಹಿಡಿದು ಒಂದೇ ಒಂದು ಪತ್ರ ಬಂದಿರುವುದರಿಂದ, ಈಗ ಅದನ್ನು ಬರೆದಿಡುವ ಧೈರ್ಯ ಬಂದಿದೆ.

ನನ್ನ ನಾಯಕ ಬೆಂಗಳೂರು ಪೇಟೆಯ ಗಡಿಯಾರ ರಿಪೇರಿಯವನು. ಜನ ಅವನನ್ನು ಗಡಿಯಾರದಯ್ಯ ಎನ್ನುತ್ತಾರೆ. ಸೂರ್ಯ ನೆತ್ತಿಗೆ ಬರುವ ಊರ ಹೊತ್ತಿಗೂ ರೈಲಿನವರು ಪಾಲಿಸುತ್ತಿದ್ದ ಮದ್ರಾಸ್ ಹೊತ್ತಿಗೂ ಸುಮಾರು ಹತ್ತೂವರೆ ನಿಮಿಷದ ಅಂತರ. ಇದರಿಂದ ರೈಲು ತಪ್ಪಿಸಿಕೊಂಡ ಗಿರಾಕಿಗಳ ಗೋಳು ಕೇಳಲಾರದೆ ಅವನು ಒಂದೇ ಗಡಿಯಾರಕ್ಕೆ ನಿಮಿಷದ ಮುಳ್ಳು ಎರಡನ್ನು, ನಡುವೆ ಅರವತ್ತನಾಲ್ಕು ಡಿಗ್ರಿ ಬಿಟ್ಟು, ಕೂಡಿಸುತ್ತಾನೆ. 1906ರ ಜನವರಿ 1ರಂದು ಭಾರತೀಯ ಪ್ರಮಾಣ ಕಾಲ ಬಂದಾಗ ಎರಡನೆಯ ಮುಳ್ಳನ್ನು ನೂರಹದಿನೆಂಟರ ಹತ್ತಿರಕ್ಕೆ ಸರಿಸುತ್ತಾನೆ. ಇದು ಸಂಪೂರ್ಣ ನನ್ನದೇ ಕಲ್ಪನೆ ಎಂದು ಬಹಳ ದಿನ ಬೀಗಿದ್ದೆ. ಇಂಗ್ಲೆಂಡಿನ ಬ್ರಿಸ್ಟಲ್ ನಗರದ ಗಡಿಯಾರವೊಂದರಲ್ಲಿ ಅಂಥ ಎರಡು ಮುಳ್ಳುಗಳು ಈಗಲೂ ಇವೆ ಎಂದು ಆಮೇಲೆ ತಿಳಿಯಿತು.

ಊರಿನ ಕಾಲಗಳನ್ನು ಕೂಡಿಸಿದ ಇವನ ಕಾಲವನ್ನೇ ನನಗೆ ಕೂಡಿಸಲಾಗಲಿಲ್ಲ. ಮೊದಲ ಮುದ್ರಣಕ್ಕೆ ಐನೂರು ಪ್ರತಿ, ಖರ್ಚು ಅರವತ್ತು ಸಾವಿರದ ಮೇಲೆ. ಎರಡು ತಿಂಗಳಲ್ಲಿ ನಿವೃತ್ತ ಮೇಷ್ಟರೊಬ್ಬರು ಇಪ್ಪತ್ತಮೂರು ತಪ್ಪುಗಳನ್ನು ಪುಟಸಂಖ್ಯೆ ಸಹಿತ ಬರೆದು ಕಳಿಸಿದರು. 1898ರ ಪ್ಲೇಗಿನಲ್ಲಿ ಹದಿನಾರು ವರ್ಷದವನಾಗಿದ್ದ ಅಯ್ಯ 1905ರಲ್ಲಿ ಹತ್ತೊಂಬತ್ತರವನಾಗಿದ್ದ. ಮರುಮುದ್ರಣಕ್ಕೆ ಒಪ್ಪಿದ್ದ ಪ್ರಕಾಶಕರು ಆ ಪಟ್ಟಿ ನೋಡಿದ ಮೇಲೆ ಫೋನ್ ಎತ್ತುವುದನ್ನೇ ನಿಲ್ಲಿಸಿದರು.

ಮೊದಲು ಎಕ್ಸೆಲ್‌ನಲ್ಲಿ ಅಧ್ಯಾಯವಾರು ಪಟ್ಟಿ ಮಾಡಿದೆ. ಆಮೇಲೆ ಗೋಡೆಯುದ್ದಕ್ಕೂ ದಾರ ಕಟ್ಟಿ, ಬಟ್ಟೆ ಕ್ಲಿಪ್ಪಿನಲ್ಲಿ ಚೀಟಿ ಸಿಕ್ಕಿಸಿದೆ. ಮಳೆಗಾಲದಲ್ಲಿ ಗೋಡೆ ಜಿನುಗಿ ಚೀಟಿಗಳ ಶಾಯಿಯೆಲ್ಲ ಹರಡಿತು. ಆದರೆ ನಿಜವಾದ ದೋಷ ಗೋಡೆಯದ್ದೂ ಅಲ್ಲ, ಎಕ್ಸೆಲ್‌ನದ್ದೂ ಅಲ್ಲ. ಪ್ರತಿ ಅಧ್ಯಾಯವನ್ನೂ ಅದರ ಹಿಂದಿನ ಅಧ್ಯಾಯದಿಂದ "ಎರಡು ವರ್ಷದ ನಂತರ", "ಮುಂದಿನ ಸುಗ್ಗಿಯಲ್ಲಿ" ಎಂದು ಅಳೆಯುತ್ತಿದ್ದೆ. ಹೀಗೆ ಸರಪಳಿ ಹಿಡಿದರೆ ಒಂದೊಂದು ಕೊಂಡಿಯ ತಪ್ಪೂ ಮುಂದಿನದಕ್ಕೆ ಸೇರಿಕೊಂಡು, ಕೊನೆಯ ಅಧ್ಯಾಯಕ್ಕೆ ಬರುವಷ್ಟರಲ್ಲಿ ನಾಲ್ಕು ವರ್ಷ ಜಾರಿರುತ್ತದೆ.

ಆದ್ದರಿಂದ ಗೂಟ ಹೊಡೆದೆ. 1898ರ ಪ್ಲೇಗು, 1902ರಲ್ಲಿ ಶಿವನಸಮುದ್ರದಿಂದ ಕೋಲಾರದ ಗಣಿಗೆ ಹರಿದ ವಿದ್ಯುತ್ತು, 1905ರ ಆಗಸ್ಟ್ 5ರಂದು ಬೆಂಗಳೂರಿನಲ್ಲಿ ಹೊತ್ತಿಕೊಂಡ ದೀಪ, 1906ರ ಹೊಸ ಹೊತ್ತು, 1918ರ ಇನ್‌ಫ್ಲುಯೆಂಜಾ, 1924ರ ಕಾವೇರಿ ಪ್ರವಾಹ: ಇವಿಷ್ಟೇ. ಪ್ರತಿ ದೃಶ್ಯವನ್ನೂ ಹತ್ತಿರದ ಗೂಟದಿಂದ ತಿಂಗಳ ಲೆಕ್ಕದಲ್ಲಿ ಅಳೆದೆನೇ ಹೊರತು ಇನ್ನೊಂದು ದೃಶ್ಯದಿಂದ ಎಂದೂ ಅಳೆಯಲಿಲ್ಲ.

ಆದರೂ ಒಂದು ವರ್ಷ ಜಾರುತ್ತಲೇ ಇತ್ತು, ಮೂರು ತಿಂಗಳು ಕಾರಣ ಹೊಳೆಯಲಿಲ್ಲ. ಅಯ್ಯನ ಮನೆಯವರು ಲೆಕ್ಕ ಹಾಕುವುದು ಸಂವತ್ಸರದಲ್ಲಿ, ನಾನು ಬರೆಯುವುದು ಇಸವಿಯಲ್ಲಿ. ದೀಪ ಹೊತ್ತಿದ್ದು 1905, ಹೊತ್ತು ಬದಲಾದದ್ದು 1906 ಎಂದುಕೊಂಡು ನಡುವೆ ಒಂದು ಯುಗಾದಿಯ ಹೋಳಿಗೆ ಊಟವನ್ನೂ, ಮಗು ಹೊಸ್ತಿಲು ದಾಟುವ ಶಾಸ್ತ್ರವನ್ನೂ ತುಂಬಿದ್ದೆ. ಆದರೆ ಜನವರಿಯಲ್ಲಿ ಇನ್ನೂ ವಿಶ್ವಾವಸು ಮುಗಿದಿರಲಿಲ್ಲ. ಪರಾಭವ ಹುಟ್ಟಿದ್ದು ಆಮೇಲಿನ ಯುಗಾದಿಗೆ. ಎರಡು ಘಟನೆಗಳೂ ಒಂದೇ ಸಂವತ್ಸರದವು, ನಡುವಿನ ಅಂತರ ಐದೇ ತಿಂಗಳು. ಅದರ ಮೇಲೆ ನಮ್ಮವರು ವಯಸ್ಸನ್ನು ನಡೆಯುತ್ತಿರುವ ವರ್ಷದಲ್ಲಿ ಹೇಳುತ್ತಾರೆ. "ಹದಿನೇಳು ನಡೀತಿದೆ" ಎಂದರೆ ತುಂಬಿದ್ದು ಹದಿನಾರು. ಈ ಎರಡನ್ನು ಸರಿಮಾಡಿದ ವಾರದಲ್ಲೇ ಇಪ್ಪತ್ತಮೂರರಲ್ಲಿ ಹದಿನಾಲ್ಕು ತಪ್ಪು ತಾವಾಗಿಯೇ ಉದುರಿಹೋದವು.

ಚಂದ್ರನದ್ದು ಬೇರೆಯೇ ಕತೆ. ದೀಪ ಹೊತ್ತಿದ ರಾತ್ರಿಗೆ ನಾನು ಹುಣ್ಣಿಮೆ ಇಟ್ಟಿದ್ದೆ, ಬೆಳದಿಂಗಳು ಸೋತಿತು ಎಂದು ಅರ್ಧ ಪುಟ ವರ್ಣಿಸಿದ್ದೆ. ಅದೇ ಆಗಸ್ಟ್ 30ರಂದು ಸೂರ್ಯಗ್ರಹಣವಿತ್ತು, ಎಂದರೆ ಅಂದು ಅಮಾವಾಸ್ಯೆ. ಅಲ್ಲಿಂದ ಇಪ್ಪತ್ತೊಂಬತ್ತೂವರೆ ದಿನ ಹಿಂದಕ್ಕೆ ಎಣಿಸಿದರೆ, ದೀಪದ ದಿನ ನಾಗರಪಂಚಮಿಯ ಆಸುಪಾಸಿಗೆ ಬೀಳುತ್ತದೆ. ಬಾನಲ್ಲಿ ಬೇಗ ಮುಳುಗುವ ಎಳೆಯ ಚಂದ್ರ. ಅರ್ಧ ಪುಟವನ್ನು ಹೊಡೆದುಹಾಕಿ, ಅಯ್ಯನ ಹೆಂಡತಿ ಹುತ್ತಕ್ಕೆ ತನಿ ಎರೆದು ಬಂದ ಒದ್ದೆ ಸೆರಗಿನಲ್ಲೇ ದೀಪ ನೋಡಲು ಹೊರಡುವ ಹಾಗೆ ಬರೆದೆ. ಇಡೀ ಪುಸ್ತಕದಲ್ಲಿ ಓದುಗರು ಹೆಚ್ಚು ನೆನೆಯುವುದು ಆ ದೃಶ್ಯವನ್ನು.

ತೇದಿ ಹೇಳದೆ ಮಾತಿನಲ್ಲೇ ಕಾಲ ತಿಳಿಸುವ ಒಂದು ಉಪಾಯವೂ ಇದೆ. ಮುಂದಿನ ಪುಸ್ತಕಕ್ಕೆ ಬೇಕಾದ್ದರಿಂದ ಅದನ್ನು ಇಲ್ಲಿ ಬಿಡಿಸಿ ಹೇಳುವುದಿಲ್ಲ.

ನಡುವೆ ಸುಮ್ಮನಿರಲಾರದೆ ಸಾವಿರದೆಂಟುನೂರಕ್ಕೆ ಹಳೆಯ ಗೋಡೆ ಗಡಿಯಾರವೊಂದನ್ನು ಕೊಂಡು, ಎರಡನೆಯ ಮುಳ್ಳು ಬೆಸೆಸಿ ನೋಡಿದೆ. ಎರಡೂ ಮುಳ್ಳು ಎಡಬದಿಯಲ್ಲಿ ಮೇಲೇರಬೇಕಾದ ಹೊತ್ತಿಗೆ ಭಾರ ತಾಳದೆ ಲೋಲಕ ನಿಂತೇಬಿಡುತ್ತಿತ್ತು. ಮುಳ್ಳುಗಳ ಬಾಲಕ್ಕೆ ಸೀಸದ ಚೂರು ಅಂಟಿಸಿ ತೂಕ ಸರಿದೂಗಿಸಿದ ಮೇಲೆ ಓಡಿತು, ದಿನಕ್ಕೆ ನಾಲ್ಕೈದು ನಿಮಿಷ ಹಿಂದೆ ಬಿದ್ದರೂ. ಸೀಸದ ಆ ಚೂರನ್ನು ಏಳನೆಯ ಅಧ್ಯಾಯಕ್ಕೆ ಸೇರಿಸಿದೆ. ಅನುಭವವಿಲ್ಲದೆ ಅದು ಹೊಳೆಯುತ್ತಿರಲಿಲ್ಲ.

ಎರಡನೆಯ ಮುದ್ರಣಕ್ಕೆ ಡಿಟಿಪಿ ತಿದ್ದುಪಡಿ, ಕಾಗದ, ಅಚ್ಚು ಎಲ್ಲ ಸೇರಿ ಎಪ್ಪತ್ತು ಸಾವಿರದಷ್ಟಾಯಿತು, ಎಲ್ಲವೂ ಕೈಯಿಂದಲೇ. ಮುನ್ನೂರರ ಮೇಲೆ ಪ್ರತಿ ಹೋಗಿವೆ. ಹಾಕಿದ್ದು ಇನ್ನೂ ಪೂರ್ತಿ ಬಂದಿಲ್ಲ. ಒಂದೇ ಪತ್ರ ಬಂತೆಂದೆನಲ್ಲ, ಅದೂ ಅದೇ ಮೇಷ್ಟರದ್ದು: ಅಯ್ಯನ ಮಗಳು ಪ್ರವಾಹದ ವರ್ಷ ಹೊಸ ಪೈಸೆಯಲ್ಲಿ ಬಳೆ ಕೊಂಡಳಂತೆ, ಹೊಸ ಪೈಸೆ ಬಂದದ್ದು 1957ರಲ್ಲಿ.

ಈಗ ಮೊಮ್ಮಗನ ಕತೆ ಬರೆಯುತ್ತ 1942ರ ಸೆಪ್ಟೆಂಬರಿಗೆ ಬಂದಿದ್ದೇನೆ. ಯುದ್ಧದ ಕಾರಣಕ್ಕೆ ದೇಶದ ಗಡಿಯಾರಗಳನ್ನೆಲ್ಲ ಒಂದು ಗಂಟೆ ಮುಂದಕ್ಕೆ ತಿರುಗಿಸಿದ್ದು ಆಗಲೇ. ಎರಡನೆಯ ಮುಳ್ಳು ಇದ್ದಲ್ಲೇ ಇರುತ್ತದೆ, ಗಂಟೆಯ ಮುಳ್ಳು ಮಾತ್ರ ಯಾರ ಹೊತ್ತನ್ನು ತೋರಿಸಬೇಕೆಂಬುದು ಮೊಮ್ಮಗನಿಗೂ ನನಗೂ ಇನ್ನೂ ಬಗೆಹರಿದಿಲ್ಲ.