ಸಿಹಿಗುಂಬಳದ ಹಾಲುಬಾಯಿ: ಅಮೆರಿಕಕ್ಕೆ ಹೊಸದಾಗಿ ಬಂದ ನಮ್ಮ ಕಡೆಯವರಿಗೆ

ಶಿರಸಿ, ಕುಮಟಾ, ಕಾರವಾರ ಕಡೆಯಿಂದ ಈ ವರ್ಷ ಬಂದಿದ್ದರೆ ಇಷ್ಟರಲ್ಲೇ ನಿಮಗೂ ಥ್ಯಾಂಕ್ಸ್‌ಗಿವಿಂಗ್ ಹಬ್ಬದ ಊಟದ ಕರೆ ಬರುತ್ತದೆ. ಅದು ನವೆಂಬರ್‌ನ ನಾಲ್ಕನೇ ಗುರುವಾರ. ಬಂದವರೆಲ್ಲ ಒಂದೊಂದು ಅಡುಗೆ ಮಾಡಿಕೊಂಡು ಹೋಗುವುದುಂಟು. ಜತೆಗೆ ಒಂದು ಮೆಸೇಜ್: ಒಬ್ಬರಿಗೆ ಗೋಧಿಯಲ್ಲಿರುವ ಗ್ಲುಟೆನ್ ಆಗುವುದಿಲ್ಲ, ಇನ್ನೊಬ್ಬರು ಹಾಲು, ತುಪ್ಪವನ್ನೂ ಮುಟ್ಟದ ವೀಗನ್, ಮಗುವಿಗೆ ಗೋಡಂಬಿ ಅಲರ್ಜಿ. "ಮತ್ತೆ ಇವರು ತಿನ್ನೋದಾದ್ರೂ ಏನು" ಅಂತ ನಗಬೇಡಿ. ಚಾತುರ್ಮಾಸ್ಯ ಹಿಡಿದ ಅಜ್ಜಿ ಇದ್ದ ಮನೆಯವರಿಗೆ ಇದು ಹೊಸದಲ್ಲ, ಅಲ್ವಾ? ಒಂದು ತಿಂಗಳು ತರಕಾರಿ ಇಲ್ಲ, ಒಂದು ತಿಂಗಳು ಮೊಸರಿಲ್ಲ, ಆಮೇಲೆ ಹಾಲಿಲ್ಲ, ಕೊನೆಗೆ ಬೇಳೆ ಇಲ್ಲ. ಅಷ್ಟರೊಳಗೇ ಹಬ್ಬದಡುಗೆಯೂ ಆಗುತ್ತಿತ್ತು.

ನಾನು ಒಯ್ಯುವುದು ಸಿಹಿಗುಂಬಳದ ಹಾಲುಬಾಯಿ. ಅಕ್ಕಿ, ಕಾಯಿಹಾಲು, ಬೆಲ್ಲ. ಮೈದಾ ಇಲ್ಲ, ಮೊಟ್ಟೆ ಇಲ್ಲ. ಪಂಪ್ಕಿನ್ ಪೈಗೆ ಇಲ್ಲಿನವರು ಹಾಕುವ ದಾಲ್ಚಿನ್ನಿ, ಲವಂಗ, ಜಾಯಿಕಾಯಿ ನಮ್ಮ ಅಡಿಕೆ ತೋಟದಲ್ಲೂ ಬೆಳೆಯುತ್ತವೆ. ಅದನ್ನೇ ಬೆರಳುದ್ದದ ಬಾಟಲಿಯಲ್ಲಿ ಡಾಲರ್ ಕೊಟ್ಟು ಕೊಳ್ಳುವಾಗ ಸಿಟ್ಟು ಬರುತ್ತದೆ, ಬರಲಿ.

ಮನೆ ಮುಂದೆ ಅಲಂಕಾರಕ್ಕೆ ಇಡುವ ದೊಡ್ಡ ಕುಂಬಳ ತರಬೇಡಿ. ಬರೀ ನೀರು, ನಾರು. ಸಣ್ಣ ಪೈ ಪಂಪ್ಕಿನ್ ಇಲ್ಲವೇ 425 ಗ್ರಾಮಿನ ಡಬ್ಬಿ ಸಾಕು. ಡಬ್ಬಿಯ ಮೇಲೆ ಪ್ಯೂರಿ ಅಂತ ಇರಬೇಕು. ಪೈ ಫಿಲ್ಲಿಂಗ್ ಅಂತಿದ್ದರೆ ಸಕ್ಕರೆ, ಮಸಾಲೆ ಮೊದಲೇ ಸೇರಿರುತ್ತದೆ. ಒಂದು ಲೋಟ ಅಕ್ಕಿ ನೆನೆಸಿ ನುಣ್ಣಗೆ ರುಬ್ಬಿ. ಅಂಗಡಿಯ ಅಕ್ಕಿಹಿಟ್ಟು ಬೇಡ, ಗೋಧಿ ಬೀಸಿದ ಗಿರಣಿಯಲ್ಲೇ ಅದನ್ನೂ ಬೀಸಿರಬಹುದು. ಗ್ಲುಟೆನ್ ಆಗದ ಸೀಲಿಯಾಕ್ ಕಾಯಿಲೆ ಇರುವವರಿಗೆ ಚೂರು ಗೋಧಿ ಸೇರಿದರೂ ಕರುಳಿಗೆ ಪೆಟ್ಟು. ಸೌಟು, ಪಾತ್ರೆ ಬೇರೆಯೇ ಇರಲಿ. ಮಡಿ ಅಡುಗೆ ಕಂಡವರಿಗೆ ಇದನ್ನು ಬಿಡಿಸಿ ಹೇಳಬೇಕಾಗಿಲ್ಲ. ಆ ಮಡಿಯಲ್ಲಿ ಎಷ್ಟು ಜನರನ್ನು ಹೊರಗಿಟ್ಟಿದ್ದೆವು ಅನ್ನುವುದೂ ನನಗೆ ಇಲ್ಲಿಗೆ ಬಂದ ಮೇಲೆಯೇ ತಲೆಗೆ ಬಂದದ್ದು.

ರುಬ್ಬಿದ ಅಕ್ಕಿಗೆ ಕುಂಬಳ, ಒಂದು ಡಬ್ಬಿ ಕಾಯಿಹಾಲು, ಒಂದೂವರೆ ಲೋಟ ಬೆಲ್ಲ, ಎರಡು ಲೋಟ ನೀರು, ಚಿಟಿಕೆ ಉಪ್ಪು. ಸಣ್ಣ ಉರಿಯಲ್ಲಿ ಕೈ ಬಿಡದೆ ತಿರುವಿ. ಭುಜ ನೋಯುತ್ತದೆ. ತಳ ಬಿಟ್ಟು ಮುದ್ದೆಯಾದಾಗ ಜಾಯಿಕಾಯಿ, ಲವಂಗ, ಏಲಕ್ಕಿ ಪುಡಿ ಹಾಕಿ, ಕೊಬ್ಬರಿ ಎಣ್ಣೆ ಸವರಿದ ತಟ್ಟೆಗೆ ಸುರಿದು ಪೂರ್ತಿ ಆರಲು ಬಿಡಿ.

ಕೊಬ್ಬರಿ ಎಣ್ಣೆ ಅಂದೆ, ತುಪ್ಪ ಅಲ್ಲ. ನಮಗೆ ತುಪ್ಪ ಹಾಲಿನ ಲೆಕ್ಕಕ್ಕೇ ಬರುವುದಿಲ್ಲ ನೋಡಿ. "ಹಾಲು ಹಾಕಿಲ್ಲ, ಧೈರ್ಯವಾಗಿ ತಿನ್ನಿ" ಅಂತ ವೀಗನ್ ಒಬ್ಬರಿಗೆ ನಾನೇ ಬಡಿಸಿ, ಇನ್ನೊಂದು ತುಂಡು ಒತ್ತಾಯ ಮಾಡಿ ಹಾಕಿ, ಘಮ ಯಾವುದರದ್ದು ಅಂತ ಪಕ್ಕದವರು ಕೇಳಿದಾಗ ಹೆಮ್ಮೆಯಿಂದ "ತುಪ್ಪ" ಅಂದೆ. ಅವರು ತಟ್ಟೆ ಕೆಳಗಿಟ್ಟರು, ಏನೂ ಅನ್ನಲಿಲ್ಲ. ಬೈದಿದ್ದರೆ ವಾಸಿಯಿತ್ತು. ಈ ಒತ್ತಾಯದ ಚಾಳಿಯನ್ನು ಊರಲ್ಲೇ ಬಿಟ್ಟು ಬನ್ನಿ. ಸಕ್ಕರೆ ಕಾಯಿಲೆಯವರಿಗೆ "ಇದು ಬೆಲ್ಲ, ಏನೂ ಆಗಲ್ಲ" ಅನ್ನುವುದನ್ನೂ.

ಗೋಡಂಬಿ, ಎಳ್ಳು ಮೇಲೆ ಉದುರಿಸಬೇಡಿ, ಬೇರೆ ಬಟ್ಟಲಲ್ಲೂ ಬೇಡ. ಮಕ್ಕಳ ಕೈ ಎಲ್ಲ ಕಡೆ ಓಡಾಡುತ್ತದೆ. 2023ರಿಂದ ಇಲ್ಲಿ ಎಳ್ಳನ್ನೂ ಮುಖ್ಯ ಅಲರ್ಜಿ ಪದಾರ್ಥಗಳ ಪಟ್ಟಿಗೆ ಸೇರಿಸಿದ್ದಾರೆ. ಏನೇನು ಹಾಕಿದ್ದೀರಿ ಅಂತ ಚೀಟಿ ಬರೆದು ತಟ್ಟೆಯ ಪಕ್ಕ ಇಡಿ. ತೆಂಗನ್ನೂ ಮರೆಯದೆ ಬರೆಯಿರಿ. ಊರಿಂದ ನೀರಾಗಿರುವ ಜೋನಿ ಬೆಲ್ಲ ತಂದರೆ ಕಸ್ಟಮ್ಸ್‌ನವರಿಗೆ ತಿನಿಸು ಇದೆ ಅಂತ ಹೇಳಿಬಿಡಿ, ಅಷ್ಟೇ.

ಇಲ್ಲೇ ಹುಟ್ಟಿದ ನನ್ನ ಮಗಳು ಡಬ್ಬಿಯ ಹಿಂಬದಿ ಓದದೆ ಏನನ್ನೂ ಬಾಯಿಗಿಡುವುದಿಲ್ಲ. ಶಿರಸಿಗೆ ಹೋದಾಗ ಅವಳ ಅತ್ತೆ ಕಬ್ಬಿನ ಹಾಲು, ಅಕ್ಕಿಯಲ್ಲಿ ಮಾಡುವ ತೆಳು ಸಿಹಿ ತೊಡದೇವು ಕೊಟ್ಟರೆ "ಇದರಲ್ಲಿ ಏನೇನಿದೆ" ಅಂದಳು. ಅತ್ತೆಯ ಮುಖ ಸಣ್ಣಗಾಯಿತು. ಯಾರನ್ನು ಸಮಾಧಾನ ಮಾಡಲಿ? ಆಲೆಮನೆಯಲ್ಲಿ ಬಿಸಿ ಬೆಲ್ಲ ನೆಕ್ಕುವಾಗ ನಾವು ಯಾರನ್ನೂ ಏನೂ ಕೇಳಿದವರಲ್ಲ. ಆದರೆ ಗೆಳತಿಯ ತಟ್ಟೆಗೆ ಏನು ಬೀಳಬಾರದು ಅಂತ ಅವಳಿಗೆ ಈಗಲೇ ಗೊತ್ತು, ನನಗೆ ಆ ವಯಸ್ಸಲ್ಲಿ ಗೊತ್ತಿರಲಿಲ್ಲ.

ಹಾಲುಬಾಯಿ ಉಳಿದರೆ ಫ್ರಿಜ್‌ನಲ್ಲಿಡಿ. ಮರುದಿನ ಗಟ್ಟಿಯಾಗಿರುತ್ತದೆ, ಹಬೆಯಲ್ಲಿ ಬಿಸಿ ಮಾಡಿದರೆ ಮೆತ್ತಗಾಗುತ್ತದೆ. ಮೈಕ್ರೋವೇವ್ ಬೇಡ.