ಎಂಟನೆಯ ಕ್ವಾರ್ಟೆಟ್‌ನಲ್ಲಿ ಚೆಲ್ಲೊ ನುಡಿಸಿದ ಅನುಭವ

ಸೋವಿಯತ್ ಸಂಗೀತಕಾರ ಶೋಸ್ತಕೋವಿಚ್‌ನ ಎಂಟನೆಯ ಸ್ಟ್ರಿಂಗ್ ಕ್ವಾರ್ಟೆಟ್, ಅಂದರೆ ಎರಡು ವಯೊಲಿನ್, ಒಂದು ವಿಯೊಲಾ, ಒಂದು ಚೆಲ್ಲೊಗಳಿಗೆ ಬರೆದ ಕೃತಿ, ಶುರುವಾಗುವುದೇ ಚೆಲ್ಲೊದಿಂದ. ಡಿ, ಇ ಫ್ಲ್ಯಾಟ್, ಸಿ, ಬಿ. ಈ ಸ್ವರಗಳನ್ನು ಅವುಗಳ ಜರ್ಮನ್ ಹೆಸರುಗಳಲ್ಲಿ ಓದಿದರೆ ಡಿಎಸ್‌ಸಿಎಚ್, ಜರ್ಮನ್ ಬರಹದಲ್ಲಿ ಅವನದೇ ಹೆಸರಿನ ಮೊದಲ ಅಕ್ಷರಗಳು. ಚೆಲ್ಲೊ ನನ್ನದಾದ್ದರಿಂದ ಆ ಹೆಸರನ್ನು ಮೊದಲು ಹೇಳುವ ಪಾಳಿಯೂ ನನ್ನದು. ಮೊದಲ ಸ್ವರಕ್ಕೆ ಬೆರಳಿಡುವ ಅಗತ್ಯವೇ ಇಲ್ಲ, ಡಿ ತಂತಿಯ ಮೇಲೆ ಸುಮ್ಮನೆ ಕಮಾನು ಎಳೆದರೂ ಬರುತ್ತದೆ. ಆದರೆ ಆ ನಾದ ತೀರಾ ತೆರೆದದ್ದು, ಧೈರ್ಯವಂತನ ದನಿಯಂಥದ್ದು. ಹಾಗಾಗಿ ನಾಲ್ಕೂ ಸ್ವರಗಳನ್ನು ಜಿ ತಂತಿಯ ಮೇಲೆ ಬೆರಳೊತ್ತಿ, ಬೆರಳು ಅಲುಗಿಸಿ ನಾದಕ್ಕೆ ಕಂಪನ ಕೊಡದೆ ನುಡಿಸಿದೆ.

ಇದನ್ನು ಅವನು 1960ರ ಜುಲೈನಲ್ಲಿ, ಡ್ರೆಸ್ಡೆನ್ ಬಳಿಯ ಗೋರಿಶ್‌ನಲ್ಲಿ ಮೂರೇ ದಿನಗಳಲ್ಲಿ ಬರೆದ. ಅರ್ಪಣೆ ಫ್ಯಾಸಿಸಂ ಮತ್ತು ಯುದ್ಧಕ್ಕೆ ಬಲಿಯಾದವರಿಗೆ. ಗೆಳೆಯ ಗ್ಲಿಕ್‌ಮನ್‌ಗೆ ಬರೆದ ಕಾಗದದಲ್ಲಿ ಮಾತೇ ಬೇರೆ: ತಾನು ಸತ್ತರೆ ತನ್ನ ನೆನಪಿಗೆ ಯಾರೂ ಏನೂ ಬರೆಯಲಿಕ್ಕಿಲ್ಲ, ಅದಕ್ಕೇ ತಾನೇ ಬರೆದುಕೊಂಡೆ ಎಂದು. ಕಮ್ಯುನಿಸ್ಟ್ ಪಕ್ಷ ಸೇರುವ ಒತ್ತಡಕ್ಕೆ ಅವನು ಮಣಿದದ್ದೂ ಅದೇ ವರ್ಷ.

ನಾಲ್ಕನೆಯ ಭಾಗದಲ್ಲಿ ಮೊದಲ ವಯೊಲಿನ್ ಒಂದೇ ಸ್ವರವನ್ನು ಎಳೆದು ಹಿಡಿದಿರುವಾಗ ಉಳಿದ ಮೂವರು ಮೂರು ಪೆಟ್ಟು ಬಾರಿಸುತ್ತೇವೆ. ಅದು ರಹಸ್ಯ ಪೊಲೀಸರು ಬಾಗಿಲು ಬಡಿಯುವ ಸದ್ದು ಎಂದು ಕೆಲವರು, ಬಾಂಬ್ ಎಂದು ಇನ್ನು ಕೆಲವರು. ನಮ್ಮಲ್ಲೂ ಇದರ ಮೇಲೆ ಬೇಕಾದಷ್ಟು ವಾಗ್ವಾದ ನಡೆಯಿತು. ಕಥೆ ಯಾವುದನ್ನು ಒಪ್ಪಿದರೂ ಕೈ ನಾಟಕವಾಡಲು ತೊಡಗುತ್ತದೆ, ಮೂರನೆಯ ಪೆಟ್ಟು ಸುಮ್ಮನೆ ಜೋರಾಗುತ್ತದೆ. ಕೊನೆಗೆ ಕಥೆ ಬಿಟ್ಟೆವು. ಕಮಾನಿನ ಬುಡದಿಂದ, ಮೂರೂ ಒಂದೇ ತೂಕದಲ್ಲಿ. ಭಯ ಹುಟ್ಟಿದ್ದು ಆಗ.

ಅದೇ ಭಾಗದ ಕೊನೆಯಲ್ಲಿ ಚೆಲ್ಲೊ ಎತ್ತರದ ಸ್ಥಾಯಿಗೆ ಏರಿ ಒಂದು ಸಾಲು ಹಾಡುತ್ತದೆ. ಅದು ಅವನ ‘ಲೇಡಿ ಮ್ಯಾಕ್‌ಬೆತ್’ ಒಪೆರಾದ್ದು. ಸೈಬೀರಿಯದ ದಾರಿಯಲ್ಲಿ, ಕೈದಿಗಳ ನಡುವೆ, ನಾಯಕಿ ಕತೆರೀನಾ ತನ್ನ ಪ್ರಿಯ ಸೆರ್ಗೆಯ್‌ನನ್ನು ಕರೆಯುವ ಸಾಲು. 1936ರ ಜನವರಿ 26ರಂದು ಸ್ಟಾಲಿನ್ ನೋಡಲು ಬಂದು ಮುಗಿಯುವ ಮೊದಲೇ ಎದ್ದುಹೋದದ್ದು ಈ ಒಪೆರಾದಿಂದಲೇ. ಎರಡೇ ದಿನಗಳಲ್ಲಿ ಪಕ್ಷದ ಪತ್ರಿಕೆ ‘ಪ್ರಾವ್ದಾ’ ಅದನ್ನು ಸಂಗೀತವಲ್ಲ, ಗೊಂದಲ ಎಂದು ಜರೆಯಿತು. ಕ್ವಾರ್ಟೆಟ್ ಬರೆಯುವಾಗಲೂ ಅದು ಸೋವಿಯತ್ ರಂಗಮಂದಿರಗಳಿಗೆ ಮರಳಿರಲಿಲ್ಲ. ಪರಿಷ್ಕೃತ ರೂಪದಲ್ಲಿ ಮರಳಿದ್ದು 1963ರಲ್ಲಿ. ವೇದಿಕೆಯಿಂದ ಇಳಿಸಿದ ಹಾಡನ್ನು ಸರ್ಕಾರ ಮೆಚ್ಚುವ ಅರ್ಪಣೆಯ ಕೆಳಗೆ, ಮಾತಿಲ್ಲದ ವಾದ್ಯವೊಂದಕ್ಕೆ ಕೊಟ್ಟ ಆ ಜಾಣತನಕ್ಕೆ ನಾನು ಈಗಲೂ ಬೆರಗಾಗುತ್ತೇನೆ.

ಆ ಸಾಲಿಗಾಗಿ ಒಪೆರಾದ ಧ್ವನಿಮುದ್ರಣ ಹಾಕಿಕೊಂಡು ಗಾಯಕಿ ಎಲ್ಲಿ ಉಸಿರೆಳೆಯುತ್ತಾಳೆ ಎಂದು ಗುರುತು ಮಾಡಿಕೊಂಡೆ. ಕಮಾನನ್ನು ತಿರುಗಿಸುವುದು ಅಲ್ಲಿ ಮಾತ್ರ. ಉಳಿದವರು ನನಗಾಗಿ ತುಸು ಕಾಯಬೇಕಾಗುತ್ತದೆ. ಎರಡನೆಯ ವಯೊಲಿನ್‌ನವರು ಇದಕ್ಕೆ ಪ್ರತಿ ತಾಲೀಮಿನಲ್ಲೂ ಗೊಣಗುತ್ತಾರೆ, ಆದರೂ ಕಾಯುತ್ತಾರೆ.