ಊರ ದೈವಗಳ ನಕ್ಷೆ: ನಾನು ಬರೆಯುವ ಕ್ರಮ

ಗುಡಿ ಇರುವ ಕಡೆ ಚುಕ್ಕಿ ಇಡುವುದು ಯಾವ ಫೋನಿನಿಂದಲೂ ಆಗುತ್ತದೆ. ಮಾರಮ್ಮ ಯಾವ ದಿಕ್ಕಿಗೆ ಮುಖ ಮಾಡಿದ್ದಾಳೆ, ಚರಗ (ದೈವಕ್ಕೆ ಎಡೆಯಿಟ್ಟು ಎರಚುವ ಅನ್ನ) ಎಲ್ಲಿಯವರೆಗೆ ಚೆಲ್ಲುತ್ತಾರೆ, ಮಾರಿ ಸಾಗಿಸುವಾಗ, ಅಂದರೆ ಮಾರಿಯನ್ನು ಊರ ಗಡಿಯಾಚೆ ಕಳಿಸುವಾಗ, ತಮಟೆ ಯಾವ ಕಲ್ಲಿನ ಹತ್ತಿರ ನಿಲ್ಲುತ್ತದೆ ಅನ್ನುವುದು ಚುಕ್ಕಿಗೆ ಸಿಗುವುದಿಲ್ಲ, ಗೆರೆ ಎಳೆಯಲೇಬೇಕು. ನೆಲ, ನಕ್ಷೆ, ನಂಬಿಕೆ ಒಂದಾಗುವುದು ಆ ಗೆರೆಯಲ್ಲೇ. ತುಮಕೂರು, ಕೋಲಾರ, ಚಿಕ್ಕಬಳ್ಳಾಪುರದ ಹಳ್ಳಿಗಳಲ್ಲಿ ನಾನು ಅನುಸರಿಸುವ ಕ್ರಮ ಇದು.

ಮೊದಲು ಕಂದಾಯ ಇಲಾಖೆಯ ಗ್ರಾಮ ನಕ್ಷೆ ಬೇಕು. ಅದರ ಅಳತೆ 1:7920, ಅಂದರೆ ಒಂದು ಇಂಚಿಗೆ 660 ಅಡಿ, 33 ಅಡಿ ಸರಪಳಿಯ ಲೆಕ್ಕದಲ್ಲಿ 20 ಸರಪಳಿ. ಪ್ರಿಂಟ್ ಹಾಕಿಸುವಾಗ ‘ಫಿಟ್ ಟು ಪೇಜ್’ ಒತ್ತಿದರೆ ಈ ಅಳತೆ ಹೋಯಿತು. ‘ಆಕ್ಚುಯಲ್ ಸೈಜ್’ ಅಂತಲೇ ಹೇಳಬೇಕು. ಜೊತೆಗೆ ಆಕಾರ್‌ಬಂದ್ (ಸರ್ವೆ ನಂಬರುವಾರು ವಿಸ್ತೀರ್ಣ, ಕಂದಾಯದ ದಾಖಲೆ) ನೋಡಿ, ಗುಂಡುತೋಪು, ಸ್ಮಶಾನ, ಹಳ್ಳ, ಬಿ ಖರಾಬು (ಸಾರ್ವಜನಿಕ ಬಳಕೆಗೆ ಬಿಟ್ಟ, ಸಾಗುವಳಿಯಿಲ್ಲದ ನೆಲ) ಇರುವ ಸರ್ವೆ ನಂಬರುಗಳನ್ನೆಲ್ಲ ಬಣ್ಣ ಹಾಕಿಟ್ಟುಕೊಳ್ಳುತ್ತೇನೆ. ಹಳೇ ದೈವಗಳು ಹೆಚ್ಚಾಗಿ ಸಿಗುವುದು ಅಲ್ಲೇ. ಪಕ್ಕದಲ್ಲಿ ಬೇಚಿರಾಕ್, ಅಂದರೆ ಜನವಸತಿ ಇಲ್ಲದ ಗ್ರಾಮ ಇದ್ದರೆ ಬಿಡಬಾರದು. ಜನ ಊರು ಬಿಟ್ಟು ಹೋದರೂ ದೇವರು ಅಲ್ಲೇ ಇರುತ್ತದೆ, ಪೂಜೆ ನೆರೆ ಊರಿನಿಂದ ನಡೆಯುತ್ತದೆ. ಶಾಸನಗಳಿಗೆ, ಅವುಗಳ ಪಾಠ ಅಚ್ಚಾಗಿರುವ ಎಪಿಗ್ರಾಫಿಯಾ ಕರ್ನಾಟಿಕಾ ಸಂಪುಟಗಳನ್ನು ನೋಡಬೇಕು: ಕೋಲಾರಕ್ಕೆ 10ನೇ ಸಂಪುಟ, ತುಮಕೂರಿಗೆ 12ನೇದು. ಚಿಕ್ಕಬಳ್ಳಾಪುರ ಜಿಲ್ಲೆಯಾದದ್ದು 2007ರಲ್ಲಿ, ಹಾಗಾಗಿ ಅಲ್ಲಿನ ಶಾಸನಗಳನ್ನು ಕೋಲಾರದ ಸಂಪುಟದಲ್ಲೇ ಹುಡುಕಬೇಕು.

ನಕ್ಷೆಯನ್ನು ಕಂಪ್ಯೂಟರಿನ ನಕ್ಷೆ ತಂತ್ರಾಂಶ ಕ್ಯೂಜಿಐಎಸ್‌ನಲ್ಲಿ ಕೂರಿಸುವಾಗ ನೆಲದ ಮೇಲೆ ಜಾಗ ಖಚಿತವಾಗಿ ಗೊತ್ತಿರುವ ಕನಿಷ್ಠ ಆರು ಗುರುತು ಕೊಡುತ್ತೇನೆ. ಮೂರು ಊರಿನ ಗಡಿ ಕೂಡುವ ಕಲ್ಲುಗಳು, ಕೆರೆ ಏರಿಯ ಎರಡು ತುದಿ ಇದಕ್ಕೆ ಒಳ್ಳೆಯವು. ಕೆರೆಯ ನೀರಿನ ಅಂಚು ಬೇಡ, ವರ್ಷ ವರ್ಷ ಬದಲಾಗುತ್ತದೆ. ಕೂರಿಸುವ ವಿಧಾನಗಳಲ್ಲಿ, ನಕ್ಷೆಯನ್ನು ಬಾಗಿಸದ ‘ಪಾಲಿನಾಮಿಯಲ್ 1’ ಬಳಸುವುದೇ ಸರಿ. ‘ಥಿನ್ ಪ್ಲೇಟ್ ಸ್ಪ್ಲೈನ್’ ಕೊಟ್ಟ ಗುರುತಿಗೆಲ್ಲ ನಕ್ಷೆಯನ್ನು ಎಳೆದು ಕೂರಿಸುತ್ತದೆ, ತಪ್ಪು ಗುರುತು ಇದ್ದರೂ ಗೊತ್ತಾಗುವುದಿಲ್ಲ. ಇನ್ನೊಂದು ತೊಡಕು ಕೋಲಾರದ ಕಡೆ. 78 ಡಿಗ್ರಿ ರೇಖಾಂಶ ಜಿಲ್ಲೆಯನ್ನು ಸೀಳಿಕೊಂಡು ಹೋಗುತ್ತದೆ. ಭೂಮಿಯನ್ನು ಆರಾರು ಡಿಗ್ರಿಯ ವಲಯಗಳಾಗಿ ಹಂಚಿ ಮೀಟರಿನಲ್ಲಿ ಜಾಗ ಹೇಳುವ ಯುಟಿಎಂ ಪದ್ಧತಿಯಲ್ಲಿ ಮಾಲೂರು 43ನೇ ವಲಯ, ಕೋಲಾರ ಪಟ್ಟಣ 44ನೇದು. ಎರಡು ವಲಯದ ಅಂಕಿಗಳನ್ನು ಬೆರೆಸಿದರೆ ಊರೇ ನೂರಾರು ಕಿಲೋಮೀಟರ್ ಆಚೆ ಹೋಗಿ ಕೂರುತ್ತದೆ. ಕೆಲಸವನ್ನೆಲ್ಲ ಒಂದೇ ವಲಯದಲ್ಲಿ ಇಡಬೇಕು.

ದೈವದ ಮುಖದ ದಿಕ್ಕನ್ನು ದಿಕ್ಸೂಚಿಯಲ್ಲಿ ಅಳೆಯುತ್ತೇನೆ. ಗುಡಿ ಮುಂದೆ ಕಬ್ಬಿಣದ ತ್ರಿಶೂಲ, ಗೇಟು, ಗಂಟೆ ಕಟ್ಟಿದ ಕಂಬಿ ಇದ್ದರೆ ಮುಳ್ಳು ತಿರುಗಿಬಿಡುತ್ತದೆ. ಮೂರು ನಾಲ್ಕು ಮೀಟರ್ ಹಿಂದೆ ಸರಿದು, ನೇರಕ್ಕೆ ನಿಂತು ಮತ್ತೆ ಅಳೆದರೆ ವ್ಯತ್ಯಾಸ ಕಾಣುತ್ತದೆ. ಆಯಸ್ಕಾಂತ ಇರುವ ಫೋನ್ ಕವರೂ ಇದೇ ಕೆಲಸ ಮಾಡುತ್ತದೆ. ಜಿಪಿಎಸ್‌ನಲ್ಲಿ ಐದು ಮೀಟರ್ ತಪ್ಪಿದರೆ ಈ ನಕ್ಷೆಯ ಮೇಲೆ ಅದು ಮುಕ್ಕಾಲು ಮಿಲಿಮೀಟರೂ ಆಗುವುದಿಲ್ಲ, ಪರವಾಗಿಲ್ಲ. ಆಲದ ಮರದಡಿ, ಬಂಡೆಯ ಬುಡದಲ್ಲಿ ಮಾತ್ರ ಬಯಲಿಗೆ ಬಂದು ಗುರುತು ಹಾಕಿ ಅಲ್ಲಿಂದ ಟೇಪು ಹಿಡಿಯುವುದು ಒಳ್ಳೆಯದು.

ಪ್ರಶ್ನೆ ಕೇಳುವ ರೀತಿಯಲ್ಲೇ ಅರ್ಧ ಕೆಲಸ ಇದೆ. ‘ಊರಿನ ಗಡಿ ಎಲ್ಲಿ?’ ಅಂದರೆ ಸರ್ವೆ ಕಲ್ಲು ತೋರಿಸುತ್ತಾರೆ. ‘ಯಜಮಾನ್ರೇ, ಚರಗ ಎಲ್ಲೀಗಂಟ ಚೆಲ್ತೀರ?’ ಅಂದರೆ ಬೇರೆಯೇ ಗೆರೆ ಸಿಗುತ್ತದೆ. ಪೂಜಾರಿ, ತೋಟಿ, ತಳವಾರರನ್ನು ಬೇರೆ ಬೇರೆಯಾಗಿ ಕೇಳಬೇಕು. ತೂಬು, ಕೋಡಿಯ ಹತ್ತಿರದ ದೈವಗಳಿಗೆ ಕೆರೆ ನೀರು ಬಿಡುವ ನೀರುಗಂಟಿಯೇ ಸರಿ. ಊರಲ್ಲಿ ಮಾತ್ರ ಕೇಳಿ ದಲಿತರ ಕೇರಿಗೆ ಹೋಗದೆ ಬಂದವರ ನಕ್ಷೆ ಅರ್ಧ ನಕ್ಷೆ. ಇದನ್ನು ಸಣ್ಣ ತಪ್ಪು ಅನ್ನಲು ನಾನು ಒಪ್ಪುವುದಿಲ್ಲ.

ಮಾರಿ ಸಾಗಿಸುವ ದಾರಿಯನ್ನು ಕೇಳಿ ಬರೆಯುವುದಲ್ಲ, ಗೊತ್ತಿದ್ದವರ ಜೊತೆ ನಡೆಯಬೇಕು. ನಿಲ್ಲುವ ಜಾಗಕ್ಕೆಲ್ಲ ಕ್ರಮಸಂಖ್ಯೆ ಹಾಕಿ, ಎಲ್ಲಿ ತಿರುಗುತ್ತಾರೆ, ಎಲ್ಲಿ ತಮಟೆ ಬಡಿಯುವುದಿಲ್ಲ ಎಂದು ಬರೆದುಕೊಳ್ಳುತ್ತೇನೆ. ಲೇಔಟು, ಹೆದ್ದಾರಿ ಬಂದು ದಾರಿ ಬದಲಾಗಿದ್ದರೆ ಈಗಿನದಕ್ಕೆ ಗಟ್ಟಿ ಗೆರೆ, ಹಿಂದಿನದಕ್ಕೆ ಚುಕ್ಕಿ ಗೆರೆ. ಇಬ್ಬರು ಎರಡು ದಾರಿ ಹೇಳಿದರೆ ಎರಡನ್ನೂ ಬರೆಯುವುದು. ಯಾರದು ಸರಿ ಎಂದು ತೀರ್ಪು ಕೊಡುವುದು ನಮ್ಮ ಕೆಲಸವಲ್ಲ.

ದಾನ ಬಿಟ್ಟ ಭೂಮಿಯ ಗಡಿಗೆ ನೆಟ್ಟ ಮುದ್ರೆಕಲ್ಲುಗಳನ್ನು ಬೆಳಗ್ಗೆ ಏಳೂವರೆ ಸುಮಾರಿಗೆ, ಬಿಸಿಲು ಓರೆಯಾಗಿ ಬೀಳುವಾಗ ನೋಡಬೇಕು. ನಡುಮಧ್ಯಾಹ್ನ ಬರೀ ಬಂಡೆಯಂತೆ ಕಾಣುವ ಕಲ್ಲಿನಲ್ಲಿ ಆಗ ಮೇಲೆ ಸೂರ್ಯ ಚಂದ್ರ, ಕೆಳಗೆ ಲಿಂಗ ಮೂಡಿ ನಿಲ್ಲುತ್ತದೆ. ಲಿಂಗವಿದ್ದರೆ ಶಿವಾಲಯಕ್ಕೆ ಬಿಟ್ಟ ಭೂಮಿ, ಶಂಖ ಚಕ್ರವಿದ್ದರೆ ವಿಷ್ಣು ದೇವಾಲಯದ್ದು, ಕೊಡೆ ಕಮಂಡಲ ಹಿಡಿದ ವಾಮನನಿದ್ದರೆ ಬ್ರಾಹ್ಮಣರಿಗೆ ಕೊಟ್ಟ ದತ್ತಿ, ಒಂದರ ಮೇಲೊಂದು ಮೂರು ಕೊಡೆಯ ಮುಕ್ಕೊಡೆಯಿದ್ದರೆ ಜೈನ ಬಸದಿಯದು. ತಂತಿ ಬ್ರಷ್ ಮುಟ್ಟಿಸಲೇಬಾರದು. ನೀರು, ಮೆತ್ತನೆ ಬ್ರಷ್ ಸಾಕು. ಎಣ್ಣೆ, ಕುಂಕುಮ ಹಚ್ಚಿದ್ದರೆ ಅದೂ ಬೇಡ, ಅದು ಪೂಜೆಯಲ್ಲಿರುವ ಕಲ್ಲು. ಕಲ್ಲು ಕಿತ್ತು ಬೇರೆ ಕಡೆ ನೆಟ್ಟಿದ್ದರೆ ಹಳೇ ಜಾಗಕ್ಕೂ ಗುರುತು ಹಾಕುತ್ತೇನೆ, ಗಡಿ ಇದ್ದದ್ದು ಅಲ್ಲಿ.

ಮುಗಿದ ಮೇಲೆ ಎರಡು ಪ್ರತಿ ಮಾಡುತ್ತೇನೆ. ನಿಖರ ಪ್ರತಿ ಊರಿನವರ ಕೈಗೆ. ಹೊರಗೆ ಕೊಡುವುದರಲ್ಲಿ ವೀರಗಲ್ಲು, ಮಾಸ್ತಿಕಲ್ಲುಗಳ ಜಾಗವನ್ನು 500 ಮೀಟರ್ ಚೌಕದೊಳಗೆ ಎಂದಷ್ಟೇ ತೋರಿಸುತ್ತೇನೆ, ನಿಧಿ ಆಸೆಗೆ ಕಲ್ಲಿನ ಬುಡ ಅಗೆಯುವವರು ಇದ್ದಾರೆ. ಹೆಸರು ಹೇಳಬಾರದು ಎಂದು ಊರಿನವರು ಹೇಳಿದ ದೈವಕ್ಕೆ ಎರಡೂ ಪ್ರತಿಯಲ್ಲಿ ಹೆಸರಿಲ್ಲ, ಬರೀ ಖಾಲಿ ವೃತ್ತ.